ಮೂವತ್ತೆರಡು ಓಟು, ಒಂದೇ ಫೋನು

ಗುಟ್ಟು ಕಾಯುವುದರಲ್ಲಿ ನನ್ನನ್ನು ಮೀರಿಸುವವರು ರಾವಂದೂರು ಸುತ್ತಮುತ್ತ ಯಾರೂ ಇಲ್ಲವೆಂದು ನಾನು ಪ್ರಾಮಾಣಿಕವಾಗಿ ನಂಬಿದ್ದೆ. ಹಾಲು ಸಂಘದ್ದೂ ಸೇರಿ ಊರಿನವರ ಅರ್ಜಿಗಳನ್ನೆಲ್ಲ ತುಂಬುವವನು ನಾನೇ. ಫೋನ್ ನಂಬರಿನ ಜಾಗ ಬಂದಾಗ ಹೆಂಗಸರು, "ನಮ್ತಾವ ಎಲ್ಲೈತಣ್ಣ ಫೋನು? ನಿಮ್ದೇ ಆಕ್ಬುಡಿ" ಎನ್ನುತ್ತಿದ್ದರು. ಹಾಕಿಬಿಡುತ್ತಿದ್ದೆ. ನನ್ನ ಗಂಟೇನು ಹೋಗಬೇಕು!

ಈ ಸಲ ಮಹಿಳಾ ಹಾಲು ಸಂಘದ ಅಧ್ಯಕ್ಷರ ಆಯ್ಕೆ ಮೊಬೈಲಿನಲ್ಲೇ ಎಂದಾಯಿತು. ಕಣದಲ್ಲಿ ಇಬ್ಬರು: ನನ್ನ ಹೆಂಡತಿ ಸಾವಿತ್ರಮ್ಮ, ಪಕ್ಕದ ಮನೆಯ ಪುಟ್ಟಮ್ಮ. ಆರು ವರ್ಷ ಸಂಘದಲ್ಲಿ ಹಾಲು ಅಳೆದ ಸಾವಿತ್ರಿಗೆ ಅಧ್ಯಕ್ಷೆಯಾಗುವ ಆಸೆ ಬಹಳ.

ಮುನ್ನಾದಿನದ ಸಭೆಯಲ್ಲಿ ನಾನು ಭಾಷಣ ಬಿಗಿದೆ. "ತಾಯಂದಿರೇ, ಓಟು ಹಾಕಲು ನಿಮ್ಮ ನಂಬರಿಗೆ ಓಟಿಪಿ ಎಂಬ ಗುಟ್ಟಿನ ಅಂಕಿ ಬರುತ್ತದೆ. ಕಟ್ಟಿಕೊಂಡ ಗಂಡನಿಗೂ ಹೇಳಕೂಡದು!" ಚಪ್ಪಾಳೆ ಬಿತ್ತು.

ಮರುದಿನ ಹತ್ತು ಗಂಟೆಗೆ ನನ್ನ ಫೋನು ಟಿಣ್ ಎಂದಿತು. ಮತ್ತೆ ಟಿಣ್. ನಿಲ್ಲಲೇ ಇಲ್ಲ. ಮೂವತ್ತೆರಡು ಜನ ಸದಸ್ಯೆಯರ ಗುಟ್ಟೂ ನನ್ನ ಜೇಬಿಗೇ!

ಸ್ವಲ್ಪ ಹೊತ್ತಿಗೆ ನಮ್ಮ ಜಗಲಿಯ ಮುಂದೆ ಸಾಲು. ನಾನೇ ಮತಗಟ್ಟೆ, ನಾನೇ ಅಧಿಕಾರಿ, ನಾನೇ ಅಭ್ಯರ್ಥಿಯ ಗಂಡ! "ಯಾರಿಗೆ ಒತ್ತಲಮ್ಮ?" ಎಂದು ಒಬ್ಬೊಬ್ಬರನ್ನೂ ಗಂಭೀರವಾಗಿ ವಿಚಾರಿಸಿದೆ. ಬಂದವರಿಗೆಲ್ಲ ಸಾವಿತ್ರಿ ಕಾಫಿ ಕೊಟ್ಟಳು.

"ಸಾವಿತ್ರಕ್ಕಂಗೇ ಕಣಣ್ಣ."

"ನಮ್ದೂ ಅಂಗೇಯ."

ಕೊನೆಗೆ ಪುಟ್ಟಮ್ಮನೂ ಬಂದರು. ನನ್ನ ಮುಖ ನೋಡಿದರು, ತಮ್ಮ ಕೈಯಲ್ಲಿದ್ದ ಕಾಫಿ ಲೋಟ ನೋಡಿದರು. "ಅಕ್ಕಂಗೇ ಒತ್ಬುಡಿ" ಎಂದರು. ಒತ್ತಿದೆ.

ಮೂವತ್ತೆರಡಕ್ಕೆ ಮೂವತ್ತೆರಡು! ನಾನು ಕುಣಿದಾಡಿದೆ.

ಸಂಜೆ ಮೇಲಿನ ಆಫೀಸಿನಿಂದ ಫೋನು. "ಎಲ್ಲಾ ಓಟೂ ಒಂದೇ ಮೊಬೈಲಿಂದ ಬಂದಿವೆಯಲ್ರೀ, ಯಾರದದು?"

"ನಂದೇ ಸಾರ್."

"ನೀವು ಯಾರು?"

"ಗೆದ್ದವರ ಯಜಮಾನ."

ಆ ಕಡೆ ಫೋನು ಇಟ್ಟರು. ಚುನಾವಣೆ ರದ್ದು!

ಮುಂದಿನ ವಾರ ಚೀಟಿ, ಬೀಗ ಹಾಕಿದ ಡಬ್ಬ. ನನಗೆ ಬಾಗಿಲಾಚೆ ಜಾಗ. ಎಣಿಸಿದರೆ ಪುಟ್ಟಮ್ಮನಿಗೆ ಇಪ್ಪತ್ತಮೂರು, ಸಾವಿತ್ರಿಗೆ ಒಂಬತ್ತು. ನಾನು ಬಾಯಿಬಿಟ್ಟುಕೊಂಡು ನಿಂತದ್ದನ್ನು ಕಂಡು ಎದುರು ಮನೆಯ ಗೌರಮ್ಮನಿಗೆ ಕನಿಕರ ಬಂತು. "ನಿಮ್ ಜಗಲೀಲಿ ನಿಂತ್ಕಂಡು, ನಿಮ್ ಕಾಪಿ ಕುಡ್ಕಂಡು, ಇನ್ನೊಬ್ರ ಎಸ್ರು ಎಂಗೇಳಾದಣ್ಣ?"

ಮನೆಗೆ ಬಂದು ಬೀಗ ತೆಗೆಯುವಾಗ ಸಾವಿತ್ರಿ ಸೆರಗಿನಲ್ಲಿ ಕಣ್ಣೊರೆಸಿಕೊಂಡು, "ಬುಡಿ, ಈ ಒಂಬತ್ತಾದ್ರೂ ದಿಟವಾಗ್ಲೂ ನಂದೇ ಕಣ್ರೀ" ಎಂದಳು.

ಹೊಸ ಅಧ್ಯಕ್ಷೆಯ ಮೊದಲ ಸಭೆಯಲ್ಲಿ ಮೊದಲ ನಿರ್ಣಯ: ಸದಸ್ಯೆಯರ ದಾಖಲೆಗಳಿಂದ ನನ್ನ ನಂಬರನ್ನು ತಕ್ಷಣ ಕಿತ್ತುಹಾಕತಕ್ಕದ್ದು. ಸೂಚಿಸಿದವರು: ಶ್ರೀಮತಿ ಸಾವಿತ್ರಮ್ಮ. ವಿರೋಧ: ಯಾರೂ ಇಲ್ಲ. ಅಕ್ಷರ ದುಂಡಗಿದೆಯೆಂದು ನಡಾವಳಿ ಪುಸ್ತಕದಲ್ಲಿ ಅದನ್ನು ನನ್ನ ಕೈಯಲ್ಲೇ ಬರೆಸಿದರು!