ವೈಕಿಂಗರ ಮನೆ ಅಗೆಯಲು ಹೋಗಿ

ಟೆಕ್ಸಸ್‌ಗೆ ಬಂದ ಕನ್ನಡಿಗರೆಲ್ಲ ಕಂಪ್ಯೂಟರ್ ಮುಂದೆ ಕೂತರೆ, ನಾನು ಆಸ್ಟಿನ್‌ನಲ್ಲಿ ಪುರಾತತ್ವ ಓದಲು ಕೂತೆ. ಸಾವಿರ ವರ್ಷದ ಹಿಂದೆ ನಾರ್ವೆಯ ವೈಕಿಂಗರ ಮನೆಯಲ್ಲಿ ಯಾರು ಎಲ್ಲಿ ಕೂರುತ್ತಿದ್ದರು, ಯಾರ ಮಾತು ನಡೆಯುತ್ತಿತ್ತು ಅಂತ ಮಣ್ಣು ಕೆದಕಿ ಪತ್ತೆ ಮಾಡುವ ವಿದ್ಯೆ. ಇಂಥದ್ದು ಓದಿದ ಮೇಲೆ ಎಡವಟ್ಟುಗಳನ್ನು ಹುಡುಕಿಕೊಂಡು ಹೋಗಬೇಕಾಗಿಲ್ಲ.

ಬಿರುಕು

ಡಲ್ಲಾಸ್‌ನ ಯುಗಾದಿ ಊಟದಲ್ಲಿ ಪಕ್ಕದಲ್ಲಿದ್ದ ಅಂಕಲ್, "ಏನ್ ಕೆಲಸಮ್ಮಾ?" ಅಂದರು.

"ಹಳೇ ಮನೆಗಳ ಅಡಿಪಾಯ ನೋಡ್ತೀನಿ ಅಂಕಲ್."

ಅವರ ಬಾಯಿಗೆ ಹೊರಟಿದ್ದ ಹೋಳಿಗೆ ಅರ್ಧದಲ್ಲೇ ನಿಂತಿತು. ಕೈ ತೊಳೆದ ಐದು ನಿಮಿಷಕ್ಕೆ ನಾನು ಅವರ ಕಾರಿನಲ್ಲಿದ್ದೆ. ಪಕ್ಕದೂರು ಪ್ರಾಸ್ಪರ್‌ನಲ್ಲಿ ಅವರದು ಎರಡೇ ವರ್ಷದ ಹೊಸ ಮನೆ. ಅಡಿಯ ಜೇಡಿಮಣ್ಣು ಬೇಸಿಗೆಯಲ್ಲಿ ಕುಗ್ಗಿ, ಗೋಡೆಯಲ್ಲಿ ಬೆರಳು ತೂರುವಷ್ಟು ಬಿರುಕು. ಮೊಣಕಾಲೂರಿ ನೋಡಿದೆ, ಏನೂ ತಿಳಿಯಲಿಲ್ಲ.

"ಅಂಕಲ್, ನಾನು ನೋಡೋದು ಪೂರ್ತಿ ಬಿದ್ದುಹೋದ ಮನೆಗಳನ್ನ."

ಅವರು ಬಿರುಕನ್ನೊಮ್ಮೆ ನೋಡಿದರು. "ಹಾಗಾದ್ರೆ ಮುಂದಿನ ವರ್ಷ ಬಾಮ್ಮಾ."

ತಂತಿ ಕಟ್ಟಿದ ಪಾತ್ರೆ

ಹ್ಯೂಸ್ಟನ್‌ನ ನಮ್ಮವರು ನನ್ನ ಪ್ರೊಫೆಸರನ್ನು ಭಾಷಣಕ್ಕೆ ಕರೆದರು. ಕನ್ನಡಕ್ಕೆ ಅನುವಾದ ನನ್ನದು. ಬಿಳಿಗಡ್ಡದ, ನಾರ್ವೆ ಕಡೆಯ ಸಾಧು ಮನುಷ್ಯ. ಸ್ಲೈಡ್‌ನಲ್ಲಿ ಬಳಪದ ಕಲ್ಲಿನ ಒಂದು ಪಾತ್ರೆ ತೋರಿಸಿದರು. ಒಡೆದಿತ್ತು, ಕಬ್ಬಿಣದ ತಂತಿ ಬಿಗಿದು ಜೋಡಿಸಿದ್ದರು.

"ಎಸೆಯದೆ ಯಾಕೆ ಕಟ್ಟಿದರು? ತಲೆಮಾರುಗಳ ನೆನಪಿಗೋ, ಮನೆತನದ ಗೌರವಕ್ಕೋ? ಇದರ ಮೇಲೆ ನಮ್ಮಲ್ಲಿ ಇನ್ನೂ ಜಗಳ ನಡೀತಿದೆ" ಅಂದರು.

ಮುಂದಿನ ಸಾಲಿನಲ್ಲಿ ಧಾರವಾಡದ ಅಜ್ಜಿಯೊಬ್ಬರು ಕೂತಿದ್ದರು. "ಜಗಳ ಯಾಕ್ರೀ? ಸೊಸಿ ಒಡದಾಳ. ಅತ್ತೀಗೆ ಗೊತ್ತಾಗಬಾರದಂತ ತಂತಿ ಕಟ್ಟ್ಯಾಳ."

ಅದನ್ನು ನಾನು ಇಂಗ್ಲಿಷ್‌ನಲ್ಲಿ ಹೇಳಿದೆ. ಪ್ರೊಫೆಸರ್ ಪೆನ್ನು ತೆಗೆದು, "ಇದಕ್ಕೆ ಆಧಾರ?" ಅಂತ ವಿನಯದಿಂದ ಕೇಳಿದರು.

ಅಜ್ಜಿ ಪಕ್ಕದಲ್ಲಿದ್ದ ಸೊಸೆಯ ಕಡೆ ತಿರುಗಿದರು. "ಹೇಳವಾ, ನೀನ ಹೇಳು."

ಯಜಮಾನರ ಜಾಗ

ಅವತ್ತೇ ಮಧ್ಯಾಹ್ನ ಪಕ್ಕದ ಶುಗರ್ ಲ್ಯಾಂಡ್‌ನಲ್ಲಿ ನನ್ನ ಗೆಳತಿಯ ಮನೆಯಲ್ಲಿ ನನಗೂ ಪ್ರೊಫೆಸರಿಗೂ ಊಟ. ಗೆಳತಿಯ ಗಂಡ ಟಿವಿ ಎದುರಿನ ರಿಕ್ಲೈನರ್ ಕುರ್ಚಿಯಲ್ಲಿ ಕಾಲು ಚಾಚಿ ಕೂತಿದ್ದರು. ಪ್ರೊಫೆಸರಿಗೆ ಖುಷಿಯೋ ಖುಷಿ, ನೋಟ್‌ಬುಕ್ ತೆಗೆದು ಬರೆಯತೊಡಗಿದರು.

"ವೈಕಿಂಗರ ಕಾಲದಲ್ಲೂ ಹೀಗೇ. ಒಲೆಗೆ ಎದುರಾಗಿ ಎತ್ತರದ ಪೀಠ, ಅದರಲ್ಲಿ ಮನೆ ಯಜಮಾನ."

ಯಜಮಾನರು ಎದೆ ಸೆಟೆಸಿದರು. ಅಷ್ಟರಲ್ಲಿ ಅವರ ಅತ್ತೆ ತಟ್ಟೆ ಹಿಡಿದು ಬಂದರು. ಯಜಮಾನರು ಎದ್ದರು, ಅತ್ತೆ ಕೂತರು. ಪ್ರೊಫೆಸರ್ ಬರೆದದ್ದನ್ನು ಹೊಡೆದು ಹಾಕಿದರು.

"ಹಾಗಾದರೆ ನಿಮ್ಮ ಜಾಗ ಯಾವುದು?"

ಪಾಪ, ಯಜಮಾನರು ನಿಜವಾಗಿಯೂ ಹುಡುಕಿದರು. ಸೋಫಾದ ಮೇಲೆ ಮಡಿಸಬೇಕಾದ ಬಟ್ಟೆ, ಊಟದ ಮೇಜಿನ ಮೇಲೆ ಹೆಂಡತಿಯ ಆಫೀಸು. ಕೊನೆಗೆ ಮನೆಯ ತುದಿಗೆ ಹೋಗಿ ಗ್ಯಾರೇಜ್ ಬಾಗಿಲು ತೆಗೆದರು. ಎರಡು ಕಾರುಗಳ ನಡುವೆ ಒಂದು ಮಡಚುವ ಕುರ್ಚಿ, ಒಂದು ರೇಡಿಯೋ.

"ಇಲ್ಲಿ ಯಾರೂ ಎಬ್ಬಿಸೋದಿಲ್ಲ" ಅಂದರು.

ಪ್ರೊಫೆಸರ್ ಹೆಜ್ಜೆ ಹಾಕಿ ಅಳೆದರು, ನಕ್ಷೆ ಬರೆದರು. ಅವರ ಕಣ್ಣು ಹೊಳೆಯುತ್ತಿತ್ತು. "ವೈಕಿಂಗರ ಮನೆಯಲ್ಲೂ ಸರಿಯಾಗಿ ಇದೇ ತುದಿಗೆ, ಇದೇ ಸೂರಿನ ಕೆಳಗೆ, ಒಂದು ಬೇರೆ ಜಾಗ ಇರ್ತಿತ್ತು."

ಯಜಮಾನರ ಮುಖ ಅರಳಿತು. "ಗಂಡಸರಿಗಾ ಸರ್?"

"ಅಲ್ಲ," ಅಂದರು ಪ್ರೊಫೆಸರ್, ಬರೆಯುತ್ತಲೇ. "ದನಗಳಿಗೆ."