ಬಾಜೂ ಮನೆಯ ಆಲೂಗಡ್ಡೆ, ನನ್ನ ಹೊಟ್ಟೆಕಿಚ್ಚು

ನಾನು ಹೊಟ್ಟೆಕಿಚ್ಚಿನ ಹೆಂಗಸಲ್ಲ. ಆದರೆ ಹೊಟ್ಟೆ ಉರಿಯುವಂಥ ಸಂಗತಿಗಳೇ ಮೇಲಿಂದ ಮೇಲೆ ನಡೆದರೆ ನಾನಾದರೂ ಏನು ಮಾಡಲಿ? ಎಪ್ಪತ್ತರ ದಶಕದ ಕೊನೆ. ಗಂಗಾವತಿಯ ನಮ್ಮ ಸರ್ಕಾರಿ ಕ್ವಾರ್ಟರ್ಸಿನಲ್ಲಿ ತೊಟ್ಟಿಲ ಶಾಸ್ತ್ರವಿರಲಿ, ಅರಿಷಿಣ-ಕುಂಕುಮವಿರಲಿ, ಒಬ್ಬೊಬ್ಬರು ಒಂದೊಂದು ಅಡುಗೆ ಮಾಡಿ ತರುವುದು ರೂಢಿ. ಮೊದಲು ಖಾಲಿಯಾಗುತ್ತಿದ್ದದ್ದು ನನ್ನ ಎಣ್ಣೆಗಾಯಿ. ಅದೊಂದೇ ನನ್ನ ದೌಲತ್ತು.

ಆಮೇಲೆ ಬಾಜೂ ಮನೆಗೆ ಪುಣೆಯಿಂದ ಎಂಜಿನಿಯರ್ ಸಾಹೇಬರ ಹೆಂಡತಿ ಬಂದರು. ಜೊತೆಗೆ ಅವರ ಕರೆಂಟಿನ ಓವನ್ನೂ ಬಂತು. ಬೇಯಿಸಿದ ಆಲೂಗಡ್ಡೆಯ ಮೇಲೆ ಹಾಲು-ಮೈದಾ ಕುದಿಸಿ ಹೊಯ್ದು, ಡಬ್ಬಿಯ ಚೀಸು ತುರಿದು, ಕೆಂಪಗೆ ಬೇಯಿಸಿ ತರುತ್ತಿದ್ದರು. ಅಂದಿನಿಂದ ನನ್ನ ಎಣ್ಣೆಗಾಯಿ ಅರ್ಧ ಉಳಿದು ಮನೆಗೆ ವಾಪಸು ಬರತೊಡಗಿತು.

೧. ತುದಿ ಸಿಗದ ತುತ್ತು

ಮೊದಲ ಸಲ ಅದನ್ನು ಬಡಿಸಿದಾಗ ಹೆಡ್‌ಮಾಸ್ತರರ ತಾಯಿ ಒಂದು ತುತ್ತು ಎತ್ತಿದರು. ಇರಕಲ್ಲಗಡ ಹಳ್ಳಿಯ ಹಿರಿಯ ಜೀವ. ಚೀಸು ಎಳೆಎಳೆಯಾಗಿ ಬಂತು. ಕೈ ಹಣೆಯ ಮಟ್ಟಕ್ಕೆ ಹೋದರೂ ಹರಿಯಲಿಲ್ಲ.

“ಇದೇನ ಯವ್ವಾ, ಶ್ಯಾವಿಗಿ ಹಾಕಿಯೇನು? ತುದೀನ ಸಿಗವಲ್ದು!”

ಮುದುಕಿ ಉಗುಳುತ್ತಾಳೆ ಎಂದು ನಾನು ಒಳಗೊಳಗೇ ಹಿಗ್ಗಿದೆ. ಅವರು ಜೋಳದ ರೊಟ್ಟಿಗೆ ಅದನ್ನು ಸುತ್ತಿ, ಉಳ್ಳಾಗಡ್ಡಿ ಕಡಿದು, ತಾಟು ಮುಂದಕ್ಕೆ ಚಾಚಿದರು.

“ಇನ್ನೊಂದ್ ಚೂರು ಹಾಕವ್ವಾ. ತುದಿ ಎಲ್ಲೈತಿ ನೋಡೇ ಬಿಡ್ತೀನಿ.”

೨. ಗಿಣ್ಣದ ಉಪಾಯ

ತಡೆಯಲಾಗದೆ ನಾನೇ ಮಾಡಲು ಹೊರಟೆ. ಗಂಗಾವತಿಯಲ್ಲಿ ಆಗ ಚೀಸು ಎಲ್ಲಿ ಸಿಗಬೇಕು? ಅದೇ ಹೊತ್ತಿಗೆ ಹಾಲಿನವಳ ಎಮ್ಮೆ ಈದು, ಗಿಣ್ಣದ ಹಾಲು ಬಂತು. ಇದೂ ಹೆಪ್ಪುಗಟ್ಟುತ್ತದಲ್ಲ, ಇದೇ ಚೀಸು ಎಂದು ಆಲೂಗಡ್ಡೆಯ ಮೇಲೆ ಹೊಯ್ದೆ. ಹಬ್ಬಕ್ಕೆ ಮನೆಯಿಂದ ಹಿಟ್ಟು, ಡಾಲ್ಡಾ ಒಯ್ದು ಬಿಸ್ಕೀಟು ಮಾಡಿಸುತ್ತಿದ್ದ ಬೇಕರಿಯ ಭಟ್ಟಿಗೇ ಕೊಂಡೊಯ್ದೆ.

ಭಟ್ಟಿಯವನು ಮೂಸಿ ನೋಡಿದ. “ಬಾಯಾರ, ಮೆಣಸಿನ ವಾಸನಿ ಬರ್ತೈತಿ, ಯಾಲಕ್ಕಿ ವಾಸನೀನೂ ಬರ್ತೈತಿ. ಇದು ಖಾರಾನೋ, ಸಿಹಿನೋ?”

ಆಗ ನೆನಪಾಯಿತು. ಗಿಣ್ಣದ ಹಾಲು ಕಂಡ ಕೂಡಲೇ ಕೈ ರೂಢಿಯಂತೆ ಬೆಲ್ಲ, ಯಾಲಕ್ಕಿ ಹಾಕಿಬಿಟ್ಟಿತ್ತು!

ಮನೆಯಲ್ಲಿ ಇವರು, ಅಂದರೆ ನನ್ನ ಗಂಡ, ಒಂದು ತುತ್ತು ತಿಂದು ತಾಟನ್ನೊಮ್ಮೆ ತಿರುಗಿಸಿ ನೋಡಿದರು. ಆಮೇಲೆ ಕೇಳಿದರು, “ಇದನ್ನ ಊಟಕ್ಕ ಮದ್ಲ ತಿನ್ನೂದೋ, ಕಡೀಕ ತಿನ್ನೂದೋ?”

೩. ತವರಿನ ಪ್ರೀತಿ

ಹುಲಿಗೆಮ್ಮನ ದರ್ಶನಕ್ಕೆಂದು ಕುಷ್ಟಗಿಯಿಂದ ಬಂದ ನನ್ನವ್ವ ನಮ್ಮ ಮನೆಗೂ ಬಂದಳು. “ನಿನ್ನ ಮಾರಿ ನೋಡಬೇಕನಸ್ತು ಮಗಳ” ಅಂದಳು. ನನಗೆ ಕಣ್ಣು ತುಂಬಿ ಬಂತು. ಚಹಾದ ಕಪ್ಪು ಕೆಳಗಿಟ್ಟವಳೇ ಗೋಡೆಯ ಕಡೆ ವಾಲಿ ಪಿಸುಗುಟ್ಟಿದಳು: “ಬಾಜೂ ಮನಿಯಾಕಿ ಹೋದ ಸಲದಂಗ ಇವತ್ತೂ ಆಲೂಗಡ್ಡಿ ಮಾಡ್ಯಾಳೇನು?”

೪. ಕೊರೆಸಿದ ಹೆಸರು

ಕೊನೆಗೆ ನನ್ನ ತಮ್ಮ ಹುಬ್ಬಳ್ಳಿಯಿಂದ ಚೀಸಿನ ಡಬ್ಬಿ ತಂದುಕೊಟ್ಟ. ಹೆಡ್‌ಮಾಸ್ತರರ ಮೊಮ್ಮಗಳ ತೊಟ್ಟಿಲು. ಇಂದು ನಾನೋ, ಬಾಜೂ ಮನೆಯವರೋ ಎಂದುಕೊಂಡೆ.

ಬಂದ ಪಾತ್ರೆಯನ್ನು ಖಾಲಿ ಕಳಿಸಬಾರದಲ್ಲ. ಹಾಗಾಗಿ ಅವರ ಗಾಜಿನ ತಾಟು ವಾರದಿಂದ ನನ್ನ ಮನೆಯಲ್ಲೇ ಇತ್ತು, ನನ್ನ ಸ್ಟೀಲಿನ ಡಬರಿ ಅವರ ಮನೆಯಲ್ಲಿತ್ತು. ಗಾಜಿನದಾದರೆ ಚೆಂದ ಕಾಣುತ್ತದೆಂದು ಅದರಲ್ಲೇ ಮಾಡಿ, ಭಟ್ಟಿಯಲ್ಲಿ ಬೇಯಿಸಿ ತಂದೆ. ಪಾಪ, ತಾಟು ಕೇಳಲು ನಾಚಿ ಅವರು ನನ್ನ ಡಬರಿಯಲ್ಲೇ ಮಾಡಿ ತಂದಿದ್ದರು.

ಎಲ್ಲರೂ ಗಾಜಿನ ತಾಟಿಗೇ ಮುಗಿಬಿದ್ದರು. ಕ್ಷಣದಲ್ಲಿ ಖಾಲಿ! ನನ್ನ ಜನ್ಮ ಸಾರ್ಥಕವಾಯಿತು ಎನ್ನುವಷ್ಟರಲ್ಲಿ ಮುದುಕಿ ಕೂಗಿದರು, “ಎಂಜಿನಿಯರ್ ಬಾಯಾರ, ಈ ಸಲದ್ದು ಎಲ್ಲಾಕ್ಕಿಂತ ಛಲೋ ಆಗೈತ್ರಿ!”

“ಅದು ನಾ ಮಾಡಿದ್ದು!” ಎಂದು ಚೀರಿದೆ.

ಹೆಡ್‌ಮಾಸ್ತರರ ಹೆಂಡತಿ ಸ್ಟೀಲಿನ ಡಬರಿ ತಿರುಗಿಸಿ, ಅಂಗಡಿಯಲ್ಲಿ ಕೊರೆಸಿದ್ದ ನನ್ನ ಗಂಡನ ಹೆಸರನ್ನು ಎಲ್ಲರಿಗೂ ಕೇಳುವಂತೆ ಓದಿದರು. “ನಿಮ್ಮದು ಇಲ್ಲೈತಲ್ರೀ!”

“ಖರೇನ್ರೀ, ಗಾಜಿನ ತಾಟಿನ್ಯಾಗಿಂದು ಅವರ ಮಾಡಿದ್ದು,” ಎಂದರು ಎಂಜಿನಿಯರ್ ಬಾಯಿ.

“ನೋಡ್ರಿ, ಎಷ್ಟು ದೊಡ್ಡ ಮನಸ್ಸು!” ಎಂದು ಹೆಂಗಸರೆಲ್ಲ ಅವರನ್ನೇ ಹೊಗಳಿದರು. ಯಾರೂ ಮುಟ್ಟದ ಡಬರಿಯನ್ನು ಗಂಡಸರ ಪಡಸಾಲೆಗೆ ಕಳಿಸಿದರು.

ಇವರು ಆಫೀಸಿನಿಂದ ನೇರ ಅಲ್ಲಿಗೇ ಬಂದು ಕೂತಿದ್ದರು. ಮನೆಗೆ ಹೋಗುವಾಗ ದಾರಿಯಲ್ಲಿ ನನ್ನ ಕೈಗೆ ಖಾಲಿ ಡಬರಿ ಕೊಟ್ಟರು.

“ನನ್ನ ಹೆಸರು ನೋಡಿ ನಾ ಒಬ್ಬನ ಎಲ್ಲಾ ತಿಂದೆ. ಖರೇ ಹೇಳ್ತೀನಿ, ಮದುವಿ ಆದಾಗಿಂದ ನಿನ್ನ ಕೈಯಾಗ ಇಷ್ಟು ಛಲೋ ಅಡಿಗಿ ಆಗಿದ್ದಿಲ್ಲ ನೋಡು!”