ಬಾವಿ, ತಿಪ್ಪೆ ಮತ್ತು ಬೀಗಿತ್ತಿ

ಆಗ ನನಗೆ ಅರವತ್ತೇಳು ವರ್ಷ. ಇದೆಲ್ಲ ನಡೆದು ಈಗ ನಾಲ್ಕು ವರ್ಷವಾಯಿತು. ಒಬ್ಬೊಬ್ಬರಿಗೆ ಒಂದೊಂದು ಭಯ ಇರುತ್ತದೆ. ನಮ್ಮ ಪಾಳ್ಯದ ಕಡೆ ಮುಕ್ಕಾಲು ಜನಕ್ಕೆ ಆನೆಯ ಭಯ. ಸಂಜೆಯಾದರೆ ಆನೆ ಯಾವ ಕಡೆ ಇದೆ ಎಂದು ಫೋನಿನಲ್ಲಿ ನೋಡಿಕೊಂಡೇ ಅಂಗಳಕ್ಕೆ ಕಾಲಿಡುತ್ತಾರೆ. ನನ್ನ ಮಗ ಲೋಕೇಶನಿಗೆ ಕಾಫಿ ಕಾಯಿ ಕೊರೆಯುವ ಹುಳದ ಭಯ. ಸೊಸೆ ಸುಮಿತ್ರಳಿಗೆ ನನ್ನ ಭಯ ಇರಬೇಕಿತ್ತು, ಇಲ್ಲ. ನನಗೆ ಮಾತ್ರ ಮೋಡದ ಭಯ. ಪಡುವಣ ದಿಕ್ಕು ಸ್ವಲ್ಪ ಕಪ್ಪಾದರೆ ಸಾಕು, ಕೈಲಿದ್ದ ಕೆಲಸ ಬಿಟ್ಟು ಅಂಗಳಕ್ಕೂ ಅಡುಗೆಮನೆಗೂ ಓಡಾಡುತ್ತಿದ್ದೆ. ಮಲೆನಾಡಿನ ಅಂಚಿನಲ್ಲಿ ಇದ್ದುಕೊಂಡು ಮಳೆಗೆ ಹೆದರುವುದು ಮೀನು ನೀರಿಗೆ ಹೆದರಿದ ಹಾಗೆ ಎಂದು ಲೋಕೇಶ ನಗುತ್ತಿದ್ದ. ಮೀನಿಗೆ ಬಾವಿ ಇಲ್ಲ, ನನಗೆ ಇತ್ತು.

ನಮ್ಮ ಬೀದಿ ಗುಡ್ಡದ ಇಳಿಜಾರಿನಲ್ಲಿದೆ. ಎಲ್ಲಕ್ಕಿಂತ ಮೇಲೆ ನನ್ನ ಮೈದುನನ ಹೆಂಡತಿ ಜಯಮ್ಮನ ಮನೆ, ಅವಳ ಹಸುಗಳು, ಬೀದಿಗೆ ತಾಗಿಕೊಂಡು ಅವಳ ತಿಪ್ಪೆ. ನಡುವೆ ಒಂದೆರಡು ಮನೆ, ಅದರಲ್ಲಿ ಶಿವೇಗೌಡನದೂ ಒಂದು. ಎಲ್ಲಕ್ಕಿಂತ ಕೆಳಗೆ ನಾವು, ಅಡುಗೆಮನೆಗೆ ಅಂಟಿಕೊಂಡು ನಮ್ಮ ಬಾವಿ. ಪಂಚಾಯ್ತಿ ನಲ್ಲಿ ಇಲ್ಲವೆಂದಲ್ಲ, ಇದೆ. ಕರೆಂಟಿದ್ದರೆ ನೀರು ಬರುತ್ತದೆ. ಮಳೆ ಹಿಡಿದರೆ ಕರೆಂಟು ವಾರಗಟ್ಟಲೆ ತವರಿಗೆ ಹೋಗುತ್ತದೆ. ಆಗ ಬೀದಿಗೆಲ್ಲ ಈ ಬಾವಿಯೇ ಗತಿ.

ಮೊದಲು ಬೀದಿ ಮಣ್ಣಿನದಾಗಿತ್ತು. ಗುಂಡಿ, ಗರಿಕೆ, ಎಮ್ಮೆ ಹೊರಳಿದ ಕೆಸರು, ಎಲ್ಲವೂ ಇತ್ತು. ಮಳೆ ಬಂದರೆ ನೀರು ಅಲ್ಲಲ್ಲಿ ನಿಂತು, ಯೋಚನೆ ಮಾಡಿ, ನಿಧಾನವಾಗಿ ಇಳಿದು ಬರುತ್ತಿತ್ತು. ಆಮೇಲೆ ಕಾಂಕ್ರೀಟ್ ಹಾಕಿದರು. ಅವತ್ತು ಮಿಕ್ಸರ್ ಗಾಡಿಗೆ ಕುಂಕುಮ ಹಚ್ಚಿ ಕಾಯಿ ಒಡೆದವಳು ನಾನೇ. ಕಾಲಿಗೆ ಕೆಸರಾಗುವುದಿಲ್ಲ ಎಂದು ಹಿಗ್ಗಿದೆ. ಬೀದಿ ನುಣುಪಾದ ಮೇಲೆ ಎಲ್ಲರಿಗೂ ಚಪಲ ಹತ್ತಿ, ಕಾಫಿ ಒಣಗಿಸುವ ಕಣಕ್ಕೂ ಸಿಮೆಂಟು ಬಂತು, ಅಂಗಳಕ್ಕೂ ಬಂತು. ಗುಡ್ಡದ ಮೇಲೆ ಬಿದ್ದ ಹನಿಗೆ ನಿಲ್ಲಲು ಜಾಗವೇ ಉಳಿಯಲಿಲ್ಲ. ಜಯಮ್ಮನ ತಿಪ್ಪೆಯನ್ನು ತೊಳೆದುಕೊಂಡು, ಶಿವೇಗೌಡ ಕಾಫಿಗೆ ಮೈಲುತುತ್ತ ಹೊಡೆದು ಬೀದಿಯಲ್ಲೇ ತೊಳೆದ ಡ್ರಮ್ಮಿನ ನೀಲಿಯನ್ನು ಸೇರಿಸಿಕೊಂಡು, ಅವನ ಪಿಕಪ್ಪಿನ ಎಣ್ಣೆಯನ್ನೂ ಬಿಡದೆ, ನೀರು ಓಟದಲ್ಲಿ ಬಂದು ನಮ್ಮ ಬಾವಿಕಟ್ಟೆಗೆ ಬಡಿಯುತ್ತಿತ್ತು. ಬಾವಿ ನೀರು ಕೆಂಪಗಾಗುತ್ತಿತ್ತು. ಮೂಗಿಗೆ ಕೊಟ್ಟಿಗೆ, ಕಣ್ಣಿಗೆ ಇಟ್ಟಿಗೆ.

ನಾನು ಸುಮ್ಮನೆ ಕೂತವಳಲ್ಲ. ಲೋಕೇಶನ ಕೈಲಿ ಬಾವಿಕಟ್ಟೆ ಎತ್ತರ ಮಾಡಿಸಿದೆ. ನೀರು ಮೇಲಿಂದ ಬರುವುದನ್ನು ಬಿಟ್ಟು ಕಲ್ಲಿನ ಸಂದಿಯಿಂದ ಬಂತು. ಬ್ಲೀಚಿಂಗ್ ಪೌಡರ್ ಹಾಕು ಎಂದಳು ಆಶಾ ಕಾರ್ಯಕರ್ತೆ. ಎಷ್ಟು ಹಾಕಬೇಕೆಂದು ಪಾಪ ಅವಳು ಹೇಳಿದ್ದಳು, ನಾನು ನನ್ನ ಕೈ ಅಂದಾಜಿನಲ್ಲಿ ಸುರಿದೆ. ಒಂದು ವಾರ ನಮ್ಮನೆ ಮುದ್ದೆ, ಸಾರು ಎಲ್ಲ ದೊಡ್ಡಾಸ್ಪತ್ರೆ ವಾಸನೆ ಹೊಡೆಯುತ್ತಿತ್ತು. ಕುದಿಸಿ ಕುಡಿ ಎಂದರು. ಕೆಂಪು ನೀರನ್ನು ಕುದಿಸಿದರೆ ಬಿಸಿ ಕೆಂಪು ನೀರಾಗುತ್ತದೆ, ಅಷ್ಟೆ. ಕೊನೆಗೆ ಮನೆಗೆ ಬಂದವರಿಗೆ ನೀರು ಕೊಡುವುದನ್ನೇ ಬಿಟ್ಟು ಸೀದಾ ಕಾಫಿ ಕೊಡತೊಡಗಿದೆ. ಕಾಫಿಯಲ್ಲಿ ಬಣ್ಣ ತಿಳಿಯುವುದಿಲ್ಲ. ನಮ್ಮನೆ ಕಾಫಿ ಬಹಳ ಗಟ್ಟಿ ಎಂದು ಎಷ್ಟೋ ಜನ ಹೊಗಳಿ ಹೋಗಿದ್ದಾರೆ.

ಹೀಗೇ ಕಾಲ ಹಾಕಬಹುದಿತ್ತು. ಆದರೆ ಆ ವರ್ಷ ಮೊಮ್ಮಗಳು ಚೈತ್ರ ಚೊಚ್ಚಲ ಬಸುರಿ. ಆಸ್ಪತ್ರೆಯಲ್ಲಿ ಹೆರಿಗೆಯಾದ ಮೇಲೆ ಬಾಣಂತನ ತವರಲ್ಲೇ, ಅಂದರೆ ನಮ್ಮಲ್ಲೇ. ಅದೂ ಆಷಾಢದ ಕೊನೆಗೆ, ಮಳೆ ಹೊಡೆಯುವ ಹೊತ್ತಿಗೆ. ಮಾತಾಡಿಕೊಂಡು ಹೋಗಲು ಅವಳ ಅತ್ತೆ ಸಕಲೇಶಪುರದಿಂದ ಬಂದರು. ರೋಹಿಣಿ ಮಳೆ ಹಿಡಿದ ವಾರ ಅದು. ಬೀಗಿತ್ತಿ ಬಂದಾಗ ಬೆಲ್ಲ ನೀರು ಕೊಡದೆ ಕಾಫಿ ಕೊಟ್ಟರೆ ಮರ್ಯಾದೆ ಉಳಿಯುತ್ತದೆಯೇ? ಸುಮಿತ್ರ ಬಟ್ಟೆಯಲ್ಲಿ ಎರಡೆರಡು ಸಲ ಸೋಸಿ, ತಟ್ಟೆಯಲ್ಲಿ ಬೆಲ್ಲದ ಜೊತೆ ಲೋಟ ಇಟ್ಟಳು. ಬೀಗಿತ್ತಿ ಲೋಟ ಎತ್ತಿದರು, ಬೆಳಕಿಗೆ ಹಿಡಿದರು, ತಟ್ಟೆ ನೋಡಿದರು, ಮತ್ತೆ ಲೋಟ ನೋಡಿದರು.

"ಅಲ್ಲ ಅಮ್ಮ, ನಿಮ್ ಕಡೆ ಬೆಲ್ಲಾನ ನೀರೊಳಗೂ ಕರಗಿಸ್ತೀರ, ತಟ್ಟೇಲೂ ಇಡ್ತೀರ?" ಎಂದರು.

ಅವರದು ಒಳ್ಳೆಯ ನಾಲಿಗೆ, ಸುಳ್ಳು ಹೇಳಬಾರದು. ನನ್ನ ನಾಲಿಗೆಯಾಗಿದ್ದರೆ ಇನ್ನೂ ಕೆಟ್ಟದಾಗಿ ಅಂದಿರುತ್ತಿತ್ತು. ನೀರು ಮುಟ್ಟದೆ ಲೋಟ ಕೆಳಗಿಟ್ಟರು. ಆರಿದ್ರಾ ಮಳೆ ಹುಯ್ದು ಬಿಟ್ಟ ಮೇಲೆ ಇನ್ನೊಂದು ಸಲ ಬಂದು ನೋಡುತ್ತೇನೆ, ನೀರು ಹೀಗೇ ಇದ್ದರೆ ಬಾಣಂತನ ಸಕಲೇಶಪುರದಲ್ಲೇ ಮಾಡುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ ಎಂದು ಹೇಳಿ ಬಸ್ ಹತ್ತಿದರು. ಆ ರಾತ್ರಿಯೇ ಚೈತ್ರಳ ಫೋನು. ಅಲ್ಲಿ ತನಗೆ ಜೋರಾಗಿ ಆಕಳಿಸಲೂ ಸಂಕೋಚವಂತೆ, ಹೆತ್ತ ಮೇಲೆ ಅಲ್ಲೇ ಮಲಗಿರುವುದು ಹೇಗೆಂದು ಅಳು. ನಾನು ಅಳುವವರಿಗೆ ಸಮಾಧಾನ ಹೇಳಿ ಗೊತ್ತಿಲ್ಲದವಳು. ಫೋನನ್ನು ಸುಮಿತ್ರಳಿಗೆ ಕೊಟ್ಟು ಬಾವಿ ಹತ್ತಿರ ಹೋಗಿ ನಿಂತೆ. ಯಾಕೆ ನಿಂತೆನೋ, ನೋಡಿದರೆ ತಿಳಿಯಾಗುವ ಹಾಗಿದ್ದರೆ ಎಂದೋ ಆಗಿರುತ್ತಿತ್ತು.

ಮರುದಿನ ಜಯಮ್ಮನಲ್ಲಿಗೆ ಹೋಗಿ ತಿಪ್ಪೆ ಹಿತ್ತಲಿಗೆ ಹಾಕು ಎಂದೆ. ಅವಳು ಹಾಲು ಕರೆಯುತ್ತಿದ್ದವಳು ತಿರುಗಿ ಸಹ ನೋಡಲಿಲ್ಲ. "ನೀರು ಕೆಳಕ್ಕೇ ಹರಿಯೋದು ಕಣಕ್ಕ. ಮೇಲಕ್ಕೆ ಹತ್ತಿಸಕ್ಕೆ ನಂಗೆ ಬರಕ್ಕಿಲ್ಲ" ಎಂದಳು. ಮೇಲಾಗಿ ಅದು ಅತ್ತೆ ದೀಪಾವಳಿಗೆ ದೀಪ ಇಡುತ್ತಿದ್ದ ತಿಪ್ಪೆಯಂತೆ, ಕದಲಿಸಿದರೆ ಮನೆಗೆ ಒಳ್ಳೆಯದಲ್ಲವಂತೆ. ಆ ಅತ್ತೆ ನನಗೂ ಅತ್ತೆಯೇ. ನನಗೆ ತಿಳಿದಂತೆ ತಿಪ್ಪೆಯ ವಿಷಯದಲ್ಲಿ ಅವರು ಬಾಯಿಬಿಟ್ಟು ಹೇಳಿದ್ದು ಒಂದೇ ಮಾತು: ಸಗಣಿ ಬಾಗಿಲಲ್ಲಿ ಬಿಡಬೇಡಿ, ನಿಮ್ಮಪ್ಪ ಬಂದು ಎತ್ತುತ್ತಾನಾ.

ಸಿಟ್ಟು ಇಳಿಯಲೆಂದು ನಮ್ಮ ಕಾಫಿಯೊಳಗೆ ಸೌದೆ ಆರಿಸಲು ಹೋದೆ. ಅಲ್ಲಿ ಗಿಡದ ಸಾಲಿನ ನಡುವೆ ಲೋಕೇಶ ಮಳೆಗೆ ಮುಂಚೆ ತೆಗೆಸಿದ ತೊಟ್ಟಿಲು ಗುಂಡಿಗಳು. ಕಾಫಿ ಇರುವವರೆಲ್ಲ ಇಳಿಜಾರಿಗೆ ಅಡ್ಡಲಾಗಿ ಉದ್ದುದ್ದ ಗುಂಡಿ ತೆಗೆಸುತ್ತಾರೆ, ಮೇಲ್ಮಣ್ಣು, ಗೊಬ್ಬರ ಕೊಚ್ಚಿ ಹೋಗದಿರಲಿ ಎಂದು. ಹುಟ್ಟಿದಾಗಿನಿಂದ ನೋಡಿದ ಗುಂಡಿ. ಅವತ್ತು ಮಾತ್ರ ನಿಂತು ನೋಡಿದೆ. ಗುಂಡಿಯಲ್ಲಿ ಕೆಂಪು ನೀರು ನಿಂತಿತ್ತು, ತರಗೆಲೆ ತೇಲುತ್ತಿತ್ತು, ಮಣ್ಣು ತಳಕ್ಕೆ ಕೂತಿತ್ತು. ತೋಟದ ಕೆಳಗಿನ ಓಣಿಯಲ್ಲಿ ಹರಿಯುತ್ತಿದ್ದ ನೀರು ಕಣ್ಣಿನಂತೆ ತಿಳಿ. ಸೌದೆಯನ್ನು ಅಲ್ಲೇ ಹಾಕಿ ಬಂದೆ.

ಅವತ್ತು ಸಂಜೆ ಡೈರಿ ಹತ್ತಿರ ಬೀದಿಯವರೆಲ್ಲ ಹಾಲಿನ ಕ್ಯಾನು ಹಿಡಿದು ನಿಂತಿದ್ದಾಗ ಹೇಳಿಯೇ ಬಿಟ್ಟೆ. "ಕಾಫಿ ಗಿಡಕ್ಕೆ ಗುಂಡಿ ತೆಗೀತೀರ, ಕುಡಿಯೋ ಬಾವಿಗೆ ಮೋರಿ ತೆಗೀತೀರ. ಯಾವ ಬುದ್ಧಿವಂತರು ಕಣ್ರೀ ನೀವು?" ಬೀದಿ ಪಕ್ಕಕ್ಕೂ ಅಂಥದೇ ಗುಂಡಿ ತೋಡೋಣ ಎಂದೆ. ಶಿವೇಗೌಡ ತಲೆ ಕೆರೆದುಕೊಂಡ. ಅವನಿಗೆ ಅಭ್ಯಂತರವಿಲ್ಲ, ಆದರೆ ಮನೆಯೆದುರು ಗುಂಡಿ ತೋಡಿದರೆ ದಾರಿಯಲ್ಲಿ ಹೋಗುವವರು ಯಾರು ತೀರಿಕೊಂಡರು ಎಂದು ಕೇಳುವುದಿಲ್ಲವೇ ಎಂದ. ಕೇಳಿದರೆ ನನ್ನ ಹೆಸರು ಹೇಳು, ಹೇಗೂ ಹತ್ತಿರದಲ್ಲೇ ಇದ್ದೇನೆ ಎಂದೆ. ಇನ್ನೊಬ್ಬರು ಸೊಳ್ಳೆಯಾಗುತ್ತದೆ ಎಂದರು. ತಳಕ್ಕೆ ಜಲ್ಲಿ ಹಾಕಿದ ಗುಂಡಿಯಲ್ಲಿ ನೀರು ಇಂಗುತ್ತದೆ, ನಿಲ್ಲುವುದಿಲ್ಲ ಎಂದು ಲೋಕೇಶ ಹೇಳಿದ. ನನ್ನ ಮಗ ನನ್ನ ಪರ ಮಾತಾಡಿದ್ದು ನೋಡಿ ನನಗೇ ಗಾಬರಿ.

ಉಳಿದದ್ದು ಜಯಮ್ಮ. ಅವಳಿಗೆ ನನ್ನ ಬಾವಿಯ ಮೇಲೆ ಪ್ರೀತಿ ಇಲ್ಲ, ನನ್ನ ಮೇಲಂತೂ ಇಲ್ಲ. ಆದರೆ ನಮ್ಮ ಬೀದಿಯಲ್ಲಿ ಹುಟ್ಟಿದ ಯಾವ ಕೂಸಿಗೂ ಅವಳ ಕೈಯಲ್ಲದೆ ಬೇರೆಯವರ ಕೈಯಲ್ಲಿ ನೀರು ಎರೆದದ್ದಿಲ್ಲ. ಕಾಲು ನೀಡಿ, ಕೂಸನ್ನು ಕಾಲ ಮೇಲೆ ಹಾಕಿಕೊಂಡು ಕೂತರೆ ಡಾಕ್ಟರೂ ಎದುರು ಮಾತಾಡಬಾರದು, ಅಷ್ಟು ಗತ್ತು. ನಾನು ಅವಳ ಬಾಗಿಲಿಗೆ ಹೋಗಿ ಒಳಗೆ ಕಾಲಿಡದೆ ಹೇಳಿದೆ: "ಬಾಣಂತನ ಸಕಲೇಶಪುರದಲ್ಲಂತೆ ಕಣೆ. ಅಲ್ಲಿ ಎರಿಯಕ್ಕೆ ಯಾರೋ ನರ್ಸಮ್ಮ ಬತ್ತಾಳಂತೆ. ನಿಂಗೂ ವಯಸ್ಸಾಯ್ತು, ಒಳ್ಳೇದೇ ಆಯ್ತು ಬುಡು."

ನರ್ಸಮ್ಮ ನನ್ನ ಸೇರ್ಪಡೆ. ಮರುದಿನ ಬೆಳಿಗ್ಗೆ ನೋಡಿದರೆ ತಿಪ್ಪೆಯ ಅರ್ಧ ಹಿತ್ತಲು ಸೇರಿತ್ತು. ಸಂಜೆಗೆ ಪೂರ್ತಿ. ಸುತ್ತ ಮಣ್ಣಿನ ಬದು, ಮೇಲೆ ಹಳೆ ಜಿಂಕ್ ಶೀಟು. ನಮ್ಮ ಅತ್ತೆಗೂ ಅಂಥ ಸೂರು ಸಿಕ್ಕಿರಲಿಲ್ಲ.

ಆಮೇಲೆ ಬೀದಿಗೆ ಬೀದಿಯೇ ಗುದ್ದಲಿ ಹಿಡಿಯಿತು. ರಸ್ತೆ ಪಕ್ಕಕ್ಕೆ ಉದ್ದ ಗುಂಡಿಗಳು, ತಳಕ್ಕೆ ಜಲ್ಲಿ, ಅಂಚಿಗೆ ಮಣ್ಣು ಹಿಡಿಯುವ ಲಾವಂಚ. ಬಚ್ಚಲ ನೀರು ರಸ್ತೆಗೆ ಬಿಡುತ್ತಿದ್ದವರು ಬಾಳೆ ಬುಡಕ್ಕೆ ಬಿಟ್ಟರು. ನಮ್ಮ ಬಚ್ಚಲ ನೀರಿಗೆ ನಾನು ಕೆಸ ನೆಟ್ಟೆ. ಈಗ ಅದು ನಮ್ಮನ್ನೇ ಮನೆಯಿಂದ ಓಡಿಸುವ ಹಾಗೆ ಬೆಳೆದಿದೆ. ಶಿವೇಗೌಡ ಮೈಲುತುತ್ತದ ಡ್ರಮ್ಮು ಬೀದಿಗೆ ತರುವುದನ್ನು ಬಿಟ್ಟು, ತೊಳೆದ ನೀರನ್ನು ಹೊಡೆಯುವ ಔಷಧಿಗೇ ಬೆರೆಸಿಕೊಳ್ಳತೊಡಗಿದ. ನೀರನ್ನು ಗುಂಡಿಗೆ ತಿರುಗಿಸಲು ಕಾಂಕ್ರೀಟಿನ ಮೇಲೆ ಓರೆಯಾಗಿ ಒಂದು ದಿಬ್ಬ ಹಾಕಿದರು. ನಾನು ಕಾಯಿ ಒಡೆದ ರಸ್ತೆ ಅದು. ಬೈಕಿನವರು ಅಲ್ಲಿ ಎಗರಿ ಬಿದ್ದು ಬೈಯುವಾಗಲೆಲ್ಲ ಯಾರಿಗೆ ಬೈಯುತ್ತಾರೆಂದು ನನಗೆ ಗೊತ್ತೇ ಇಲ್ಲದ ಹಾಗೆ ಒಳಗೆ ಹೋಗುತ್ತಿದ್ದೆ.

ಎಲ್ಲ ಮುಗಿದ ಮೇಲೆ ಭಯ ಕಡಿಮೆಯಾಗಬೇಕಿತ್ತು, ಇಮ್ಮಡಿಯಾಯಿತು. ಮೊದಲು ಮಳೆ ಬಂದರೆ ಎಂಬ ಭಯವಿತ್ತು. ಈಗ ಇಷ್ಟು ಜನರ ಬೆನ್ನು ಮುರಿಸಿದ ಮೇಲೂ ನೀರು ಕೆಂಪಗಾದರೆ ನನ್ನ ಗತಿಯೇನು ಎಂಬ ಭಯ ಸೇರಿತು. ಆರಿದ್ರಾ ಹುಟ್ಟಿತು, ಮಳೆ ಬರಲಿಲ್ಲ. ಬೀಗಿತ್ತಿ ಫೋನು ಮಾಡಿ ಮಳೆ ಬಂತಾ ಎಂದು ಕೇಳಿದರು. ಇಲ್ಲ ಎಂದೆ. ನಾನು ಸುಳ್ಳು ಹೇಳುತ್ತಿದ್ದೇನೋ ಎಂಬಂತೆ, ಫೋನು ಸುಮಿತ್ರಳಿಗೆ ಕೊಡಿ ಎಂದರು.

ಕೊನೆಗೊಂದು ಮಧ್ಯಾಹ್ನ ಬಂತು ನೋಡಿ. ಗಾಳಿಯಿಲ್ಲ, ಗುಡುಗಿಲ್ಲ, ಸುಮ್ಮನೆ ಸುರಿಯಿತು. ನಾನು ಗೊಬ್ಬರದ ಚೀಲವನ್ನು ತಲೆಗೆ ಹಾಕಿಕೊಂಡು ದಿಬ್ಬದ ಹತ್ತಿರ ನಿಂತೆ. ಮೇಲಿಂದ ನೀರು ಬಂತು, ದಿಬ್ಬಕ್ಕೆ ತಾಗಿತು, ಒಂದು ಗಳಿಗೆ ತಡೆದು ಗುಂಡಿಯ ಕಡೆ ತಿರುಗಿತು. ಮೊದಲ ಗುಂಡಿ ತುಂಬಿತು, ಎರಡನೆಯದಕ್ಕೆ ಹೋಯಿತು, ಅದೂ ತುಂಬಿ ಉಕ್ಕಿ ನಮ್ಮ ಮನೆಯ ಕಡೆ ಬಾಯಿ ಹಾಕಿತು. ಗುದ್ದಲಿ ತರಲು ತಿರುಗಿದರೆ ಜಯಮ್ಮ ಗುದ್ದಲಿ ಹಿಡಿದು ಪಕ್ಕದಲ್ಲೇ ಇದ್ದಾಳೆ. ಇಬ್ಬರೂ ಸೇರಿ ಶಿವೇಗೌಡನ ಕಾಫಿಯ ಕಡೆಗೆ ಬಾಯಿ ಕಡಿದು ಬಿಟ್ಟೆವು. ಅವನ ಕಾಫಿ, ಅವನ ಗುಂಡಿ, ಅವನು ಬೇಕಾದರೆ ಬೈಯಲಿ.

"ಒಳಗೋಗಕ್ಕ" ಎಂದಳು ಜಯಮ್ಮ. "ಜಾರಿ ಬಿದ್ದುಗಿದ್ದರೆ ಈ ಗುಂಡೀಲೇ ಮುಚ್ಚಬೇಕಾಯ್ತದೆ. ಜಲ್ಲಿ ಬ್ಯಾರೆ ದಂಡ."

ಮಳೆ ಸಂಜೆವರೆಗೂ ಹೊಡೆಯಿತು. ಬಾವಿಯೊಳಗೆ ಇಣುಕಿ ನೋಡಲು ನನಗೆ ಧೈರ್ಯವಾಗಲಿಲ್ಲ. ನೋಡಿ ಬರುತ್ತೇನೆಂದ ಸುಮಿತ್ರಳನ್ನೂ ಬಿಡಲಿಲ್ಲ.

ಮರುದಿನ ಬೆಳಿಗ್ಗೆ ಎಲ್ಲರಿಗಿಂತ ಮೊದಲು ಎದ್ದು ಕೊಡ ಇಳಿಬಿಟ್ಟೆ. ಎಳೆದು ನೋಡಿದರೆ ಕೊಡದ ತಳ ಕಾಣುತ್ತಿತ್ತು. ಮೂಸಿ ನೋಡಿದೆ, ಏನೂ ಇಲ್ಲ. ಆದರೂ ನಂಬಿಕೆ ಬರಲಿಲ್ಲ. ನೀರಿಗೂ ನಾಟಕ ಬರುತ್ತದೆ. ಮಳೆ ಬಂತೆಂದು ರಾತ್ರಿಯೇ ಫೋನು ಮಾಡಿದ್ದೆವು, ಹತ್ತು ಗಂಟೆಯ ಬಸ್ಸಿಗೆ ಬೀಗಿತ್ತಿ ಬರುವವರಿದ್ದರು. ಕುದಿಸಿ, ಆರಿಸಿ, ದೊಡ್ಡ ಲೋಟದಲ್ಲಿ ತುಂಬಿ, ಬೆಲ್ಲದ ತಟ್ಟೆಯ ಜೊತೆ ಜಯಮ್ಮನಿಗೆ ತೆಗೆದುಕೊಂಡು ಹೋದೆ. ನಿನ್ನಿಂದಲೇ ತಿಳಿಯಾದ ನೀರು, ಮೊದಲು ನೀನೇ ಕುಡಿ ಎಂದೆ. ಅವಳು ನನ್ನ ಮುಖವನ್ನೇ ನೋಡಿದಳು. ಎದ್ದು ಒಳಗೆ ಹೋಗಿ ಇನ್ನೊಂದು ಲೋಟ ತಂದಳು, ಅರ್ಧ ಅದಕ್ಕೆ ಬಗ್ಗಿಸಿ ನನ್ನ ಕೈಗಿಟ್ಟಳು.

"ನೀನೂ ಕುಡಿ. ಹೋದ್ರೆ ಇಬ್ರೂ ಹೋಗನ" ಎಂದಳು.

ಕುಡಿದೆ. ಬೆಲ್ಲವನ್ನು ಮಾತ್ರ ಅವಳೇ ತಿಂದು ತಟ್ಟೆ ಖಾಲಿ ಮಾಡಿದಳು. ಬಸ್ಸು ಬರುವ ತನಕ ಅವಳ ಜಗುಲಿಯ ಮೇಲೆ ಒಬ್ಬರನ್ನೊಬ್ಬರು ನೋಡುತ್ತ ಕೂತೆವು. ಬಸ್ಸು ಬಂದಾಗ ಇಬ್ಬರೂ ಬದುಕಿದ್ದೆವು. ನಾನು ಅವಸರದಲ್ಲಿ ಇಳಿದು ಬಂದು, ಬೀಗಿತ್ತಿಯನ್ನು ಕೂರಿಸಿ, ನೀರಿನ ಲೋಟ ಕೊಟ್ಟೆ. ಅವರು ಬೆಳಕಿಗೆ ಹಿಡಿದರು. ಬಹಳ ಹೊತ್ತು ಹಿಡಿದೇ ಇದ್ದರು. ಆಮೇಲೆ ಒಂದು ಹನಿಯೂ ಬಿಡದೆ ಕುಡಿದು, ಸೆರಗಿನಿಂದ ಬಾಯಿ ಒರೆಸಿಕೊಂಡು, ಚೈತ್ರಳನ್ನು ಯಾವ ದಿನ ಕಳಿಸಲಿ ಎಂದು ಕೇಳಿದರು. ನಾನು ಖಾಲಿ ಲೋಟ ತೆಗೆದುಕೊಂಡೆ. ಅವರು ಸುತ್ತ ಒಮ್ಮೆ ಕಣ್ಣಾಡಿಸಿದರು.

"ಅಲ್ಲ ಅಮ್ಮ, ಬೆಲ್ಲ ಎಲ್ಲಿ?"

ತಟ್ಟೆ ಜಯಮ್ಮನ ಜಗುಲಿಯ ಮೇಲೇ ಉಳಿದಿತ್ತು. ನಾನು ಡಬ್ಬಿ ಹುಡುಕಲು ಒಳಗೆ ಓಡಿದೆ.